ಎಕ್ಸ್‌ರೇ ಬಾಗಿಲ ಮೇಲಿನ "ಫ್ಯಾನ್": ಗುರುತಿಗೆ ಅರ್ಥ ಎಲ್ಲಿಂದ ಬರುತ್ತದೆ?

ಬೈತಖೋಲ ಅಕ್ಕೋರು

ಎಲ್ಲರಿಗೂ ನಮಸ್ಕಾರ. ನಾನು ಕಾರವಾರದ ಹೈಸ್ಕೂಲೊಂದರಲ್ಲಿ ಕನ್ನಡ ಕಲಿಸುತ್ತೇನೆ. ಹೋದ ವಾರ ಅಣ್ಣನ ಮಗಳು ಸೈಕಲ್ಲಿನಿಂದ ಬಿದ್ದು ಕೈ ನೋವು ಮಾಡಿಕೊಂಡಳು. ಎಕ್ಸ್‌ರೇ ತೆಗೆಸಲು ಕರೆದುಕೊಂಡು ಹೋಗಿದ್ದೆ. ಹೊರಗೆ ಮಳೆ, ಒಳಗೆ ಜನ ತುಂಬಿ ಸೆಕೆ. ಕೋಣೆಯ ಬಾಗಿಲ ಮೇಲೆ ಹಳದಿ ಹಲಗೆ, ಅದರಲ್ಲಿ ಮೂರು ಎಸಳಿನ ಗುರುತು. ಅವಳು ಅದನ್ನು ನೋಡಿ, "ಅತ್ತೆ, ಆ ಕೋಣೆಯಲ್ಲಿ ಫ್ಯಾನ್ ಇದೆ, ಅಲ್ಲೇ ಕೂತ್ಕೊಳ್ಳೋಣ" ಎಂದಳು.

ಮನೆಗೆ ಬಂದ ಮೇಲೂ ಆ ಮಾತು ತಲೆಯಿಂದ ಹೋಗಲಿಲ್ಲ. ವಿಕಿರಣ ಇದೆ, ದೂರ ಇರಿ ಎಂದು ಹೇಳುವ ಗುರುತು ಅದು. ಅದೇ ಗುರುತು ಮಗುವಿಗೆ "ಇಲ್ಲಿ ಬಾ, ತಂಪಾಗಿದೆ" ಎಂದು ಹೇಳಿತು. ಕೈಗಾ ಅಣು ವಿದ್ಯುತ್ ಸ್ಥಾವರ ಇರುವುದು ನಮ್ಮದೇ ತಾಲೂಕಿನಲ್ಲಿ. ಆದರೂ ನಮ್ಮ ಮಗುವಿಗೆ ಅದು ಫ್ಯಾನ್.

ಹುಡುಕಿ ಓದಿದೆ. ಆ ಮೂರೆಸಳಿನ ಚಿತ್ರವನ್ನು 1946ರಲ್ಲಿ ಅಮೆರಿಕದ ಬರ್ಕ್ಲಿಯ ಪ್ರಯೋಗಾಲಯದಲ್ಲಿ ಬರೆದರಂತೆ. ಗೊತ್ತಿಲ್ಲದವರು ಅದನ್ನು ನೋಡಿ ಹೆದರುವುದಿಲ್ಲ ಎಂಬುದು ಆಮೇಲೆ ಬೇರೆ ದೇಶಗಳಲ್ಲೂ ಗಮನಕ್ಕೆ ಬಂತು. ಅದಕ್ಕೇ 2007ರಲ್ಲಿ ಅಂತರರಾಷ್ಟ್ರೀಯ ಪರಮಾಣು ಶಕ್ತಿ ಸಂಸ್ಥೆ ಇನ್ನೊಂದು ಗುರುತನ್ನೂ ತಂದಿತು. ಕೆಂಪು ತ್ರಿಕೋನ, ಅದರೊಳಗೆ ಕಿರಣ, ತಲೆಬುರುಡೆ, ಓಡಿಹೋಗುವ ಮನುಷ್ಯ. 11 ದೇಶಗಳ ಜನರಿಗೆ ತೋರಿಸಿ ನೋಡಿದ ಮೇಲೆ ಆರಿಸಿದ್ದು. ಇದನ್ನು ಬಾಗಿಲಿಗೆ ಹಾಕುವುದಿಲ್ಲ. ಅಪಾಯ ಜಾಸ್ತಿ ಇರುವ ಉಪಕರಣವನ್ನು ಯಾರಾದರೂ ಬಿಚ್ಚಲು ಹೋದರೆ ಕಾಣುವಂತೆ ಅಂಟಿಸುತ್ತಾರೆ.

ನನ್ನ ಪ್ರಶ್ನೆ ಇಷ್ಟೇ. ಗುರುತಿನ ಅರ್ಥ ಗುರುತಿನಲ್ಲೇ ಇರುತ್ತದಾ, ನೋಡುವವರಲ್ಲಿ ಇರುತ್ತದಾ? ನಮ್ಮ ಈ ಗುಂಪಿನಲ್ಲಿ ಬೋಟಿನವರು, ತೋಟದವರು, ಮೇಳದವರು, ಆಸ್ಪತ್ರೆಯವರು ಎಲ್ಲ ಇದ್ದೀರಿ. ನಿಮ್ಮ ನಿಮ್ಮ ಕೆಲಸದಲ್ಲಿ ಇದು ಹೇಗೆ ಕಾಣುತ್ತದೆ ಎಂದು ಬರೆಯಿರಿ.

ಮುದಗಾ ತಾಂಡೇಲ

ಅಕ್ಕೋರೇ, ನಮ್ಮದು ಬಂದರಿನ ಕಂಬ. ಗಾಳಿ-ಮಳೆ ಬರುವ ಸೂಚನೆ ಇದ್ದರೆ ಬಂದರಿನಲ್ಲಿ ಸಿಗ್ನಲ್ ಏರಿಸುತ್ತಾರೆ. ಹಗಲಲ್ಲಿ ಆಕಾರಗಳು, ರಾತ್ರಿ ಕೆಂಪು ಮತ್ತು ಬಿಳಿ ದೀಪಗಳು. ಒಟ್ಟು 11 ನಂಬರ್ ಇವೆ. ನಮ್ಮಲ್ಲಿ ಜಾಸ್ತಿ ಬರುವುದು 3ನೇ ನಂಬರ್. ಬಂದರಿಗೇ ಬಿರುಗಾಳಿ ತಗುಲಬಹುದು ಎಂದು ಅದರ ಅರ್ಥ.

ಆದರೆ 3 ಎಂದರೆ ಅಪ್ಪನಿಗೆ ಗೊತ್ತಿದ್ದುದು ಪುಸ್ತಕದ ಮಾತಲ್ಲ. "ಮೂರು ಬಿತ್ತು" ಎಂದರೆ ಲಂಗರು ಇನ್ನೊಂದು ಹಾಕಬೇಕು, ಬೋಟುಗಳನ್ನು ಒಂದಕ್ಕೊಂದು ಬಿಗಿದು ಕಟ್ಟಬೇಕು, ಹೊರಗೆ ಹೋದವರ ಮನೆಗೆ ಹೇಳಬೇಕು. ನಂಬರ್ ಕೇಳಿದ ಕೂಡಲೇ ಕೈ ಕೆಲಸಕ್ಕೆ ಹೋಗುತ್ತಿತ್ತು.

ಇನ್ನೊಂದು ವಿಷಯ. 11ನೇ ನಂಬರ್ ಇದೆಯಲ್ಲ, ಅದು ಚಂಡಮಾರುತದ್ದಲ್ಲ. ಹವಾಮಾನ ಕಚೇರಿಯ ಜೊತೆ ಸಂಪರ್ಕವೇ ಕಡಿದುಹೋಗಿದೆ, ಆದರೆ ಇಲ್ಲಿಯ ಅಧಿಕಾರಿಗೆ ಅಪಾಯ ಇದೆ ಅನ್ನಿಸಿದೆ ಎಂದು ಅದರ ಅರ್ಥ. ನಮಗೆ ಏನೂ ಸುದ್ದಿ ಬಂದಿಲ್ಲ ಎನ್ನುವುದಕ್ಕೂ ಒಂದು ಗುರುತು ಮಾಡಿಟ್ಟಿದ್ದಾರೆ. ಆ ಗುರುತು ಮಾಡಿದವರು ಸಮುದ್ರ ಬಲ್ಲವರೇ ಇರಬೇಕು. ಸುದ್ದಿ ಇಲ್ಲ ಎನ್ನುವುದಕ್ಕಿಂತ ಹೆದರಿಕೆಯ ಸುದ್ದಿ ನೀರಿನ ಮೇಲೆ ಇಲ್ಲ.

ಕುಮಟಾ ಗಣಿತ

ಅಕ್ಕೋರೇ, ನಾನು ಆರನೇ ಕ್ಲಾಸಿಗೆ ಗಣಿತ ಹೇಳುವವನು. ಬೋರ್ಡಿನ ಮೇಲೆ 8 + 4 = __ + 5 ಎಂದು ಬರೆದು ಖಾಲಿ ಜಾಗ ತುಂಬಲು ಹೇಳಿ. ಕ್ಲಾಸಿನಲ್ಲಿ ಎಷ್ಟೋ ಮಕ್ಕಳು 12 ಎನ್ನುತ್ತಾರೆ. ಉತ್ತರ 7. ಮಕ್ಕಳಿಗೆ ಕೂಡಿಸಲು ಬರುವುದಿಲ್ಲ ಎಂದಲ್ಲ. ಅವರ ಮಟ್ಟಿಗೆ ಆ ಎರಡು ಗೆರೆ ಎಂದರೆ "ಈಗ ಉತ್ತರ ಬರಿ" ಎಂಬ ಅಪ್ಪಣೆ. ಕ್ಯಾಲ್ಕ್ಯುಲೇಟರಿನ ಗುಂಡಿಯ ಹಾಗೆ.

ಆ ಗುರುತನ್ನು ಮೊದಲು ಅಚ್ಚಿಗೆ ತಂದವನು ವೇಲ್ಸ್‌ನ ರಾಬರ್ಟ್ ರೆಕಾರ್ಡ್, 1557ರಲ್ಲಿ. ಸಮಾನಾಂತರವಾದ ಎರಡು ಗೆರೆಗಳಿಗಿಂತ ಹೆಚ್ಚು ಸಮ ಇರುವ ಜೋಡಿ ಇನ್ನಾವುದೂ ಇಲ್ಲ ಎಂದು ಕಾರಣವನ್ನೂ ಬರೆದಿಟ್ಟ. ಅಂದರೆ ಚಿತ್ರದಲ್ಲೇ ಅರ್ಥ ಕಾಣಲಿ ಎಂದು ಅವನ ಆಸೆ. ಸುಮಾರು 470 ವರ್ಷ ಆಯಿತು. ನನ್ನ ಕ್ಲಾಸಿನ ಮಕ್ಕಳಿಗೆ ಆ ಚಿತ್ರ ಕಾಣುವುದಿಲ್ಲ. ದಿನಾ ಅದನ್ನು ಹೇಗೆ ಬಳಸಿದ್ದಾರೋ ಅದೇ ಕಾಣುತ್ತದೆ. ತಪ್ಪು ನಮ್ಮದು. ಒಂದನೇ ಕ್ಲಾಸಿನಿಂದ 3 + 2 = ಎಂದು ಒಂದೇ ದಿಕ್ಕಿನಲ್ಲಿ ಬರೆಸಿದ್ದೇವೆ.

ನಾನು ಈಗ ತಕ್ಕಡಿ ತಂದು ಕಲಿಸುತ್ತೇನೆ. ಎರಡು ಪರಡಿಯಲ್ಲೂ ಗೇರುಬೀಜ ಹಾಕುತ್ತೇವೆ. ಎಂಟು ಮತ್ತು ನಾಲ್ಕು ಈ ಕಡೆ, ಐದು ಆ ಕಡೆ. ಮುಳ್ಳು ನೇರ ನಿಲ್ಲುವ ತನಕ ಮಕ್ಕಳೇ ಒಂದೊಂದು ಬೀಜ ಹಾಕುತ್ತಾರೆ. ಅದಾದ ಮೇಲೆ 12 ಎನ್ನುವವರು ಕಡಿಮೆ.

ಶಿರಸಿ ತೋಟಿಗ

ನಮ್ಮ ಸರಕು ಅಡಿಕೆ. ಒಂದೇ ಮರ, ಒಂದೇ ಕೊನೆ. ಆದರೆ ಪೇಟೆಯಲ್ಲಿ ಎಷ್ಟು ಹೆಸರು ನೋಡಿ: ರಾಶಿ, ಚಾಲಿ, ತಟ್ಟಿಬೆಟ್ಟೆ, ಕೆಂಪುಗೋಟು, ಬಿಳಿಗೋಟು, ಕೋಕಾ. ಪೇಪರಿನ ಧಾರಣೆ ಪಟ್ಟಿಯಲ್ಲಿ ದಿನಾ ಬರುತ್ತವೆ. ಹೊರಗಿನವರಿಗೆ ಎಲ್ಲವೂ ಅಡಿಕೆ. ನಮಗೆ ಒಂದೊಂದು ಹೆಸರಿನ ಹಿಂದೆ ಒಂದೊಂದು ವರ್ಷದ ಲೆಕ್ಕ ಇರುತ್ತದೆ.

ನನ್ನ ಮಗ ಧಾರವಾಡದಲ್ಲಿ ಎಂ.ಎ. ಓದುತ್ತಾನೆ. ಅವನು ಹೇಳಿದ್ದು: ಸ್ವಿಟ್ಜರ್ಲೆಂಡಿನ ಸೊಸ್ಯೂರ್ ಎಂಬ ಪಂಡಿತ 1913ರಲ್ಲಿ ತೀರಿಕೊಂಡ, ಅವನ ಪಾಠಗಳನ್ನು ಸೇರಿಸಿ 1916ರಲ್ಲಿ ಪುಸ್ತಕ ಮಾಡಿದರು. ಶಬ್ದಕ್ಕೂ ವಸ್ತುವಿಗೂ ಹುಟ್ಟಿನಿಂದ ಬಂದ ನಂಟು ಇಲ್ಲ, ಒಂದು ಶಬ್ದಕ್ಕೆ ಬೆಲೆ ಬರುವುದು ಪಕ್ಕದ ಶಬ್ದಗಳಿಗಿಂತ ಅದು ಬೇರೆ ಆಗಿರುವುದರಿಂದ ಎಂದು ಅವನ ವಾದವಂತೆ. ಚಾಲಿ ಎಂದರೆ ರಾಶಿ ಅಲ್ಲದ್ದು, ರಾಶಿ ಎಂದರೆ ಚಾಲಿ ಅಲ್ಲದ್ದು.

ನನಗೆ ಇದು ಅರ್ಧ ಮಾತ್ರ ಒಪ್ಪಿಗೆ. ಹೆಸರು ಬೇರೆ ಆದದ್ದು ಕೆಲಸ ಬೇರೆ ಎಂಬ ಕಾರಣಕ್ಕೆ. ಕಾಯಿ ಹಣ್ಣಾಗುವ ಮೊದಲೇ ಕೊಯ್ದು, ಸುಲಿದು, ಅಡಿಕೆ ಬೇಯಿಸಿ ಬಂದ ಚೊಗರಿನ ರಸದಲ್ಲಿ ಬೇಯಿಸಿ ಒಣಗಿಸಿದರೆ ರಾಶಿ. ಹಣ್ಣಡಿಕೆಯನ್ನು ಸಿಪ್ಪೆ ಸಮೇತ ಅಂಗಳದಲ್ಲಿ 40-45 ದಿನ ಬಿಸಿಲಿಗೆ ಹಾಕಿ ಆಮೇಲೆ ಸುಲಿದರೆ ಚಾಲಿ. ಆ ಒಂದೂವರೆ ತಿಂಗಳು ಮೋಡ ಕಂಡರೆ ಓಡಿಬಂದು ಮುಚ್ಚಿದ ಕೈಗಳಿಗೆ ಚಾಲಿ ಎಂಬ ಮಾತು ಬರೀ "ರಾಶಿ ಅಲ್ಲದ್ದು" ಹೇಗಾಗುತ್ತದೆ?

ಹೊನ್ನಾವರ ಚಂಡೆ

ತೋಟಿಗರ ಮಾತು ಸರಿ. ಆದರೆ ಅವರ ಮಗನ ಮಾತಿನಲ್ಲೂ ಹುರುಳಿದೆ. ಯಕ್ಷಗಾನದಲ್ಲಿ ನಾನು ಅದನ್ನು ಕಂಡಿದ್ದೇನೆ. ರಂಗದ ಮೇಲೆ ಒಂದು ಮರದ ಪೀಠ ಇರುತ್ತದೆ. ಅದಕ್ಕೆ ನಾವು ರಥ ಎನ್ನುತ್ತೇವೆ. ಗಾಲಿ ಇಲ್ಲ, ಕುದುರೆ ಇಲ್ಲ. ದೇವೇಂದ್ರ ಕೂತರೆ ಸಿಂಹಾಸನ. ಅರ್ಜುನ ಏರಿ ನಿಂತರೆ ರಥ. ತಪಸ್ಸಿಗೆ ಕೂತರೆ ಬೆಟ್ಟ. ಪೀಠ ಬದಲಾಗಲಿಲ್ಲ. ಭಾಗವತರ ಪದ ಬದಲಾಯಿತು, ನಡೆ ಬದಲಾಯಿತು. ವೇಷಧಾರಿ ರಂಗಕ್ಕೆ ಒಂದು ಸುತ್ತು ಹಾಕಿದರೆ ಊರು ದಾಟಿದ ಹಾಗೆ. ಎದುರು ಕೂತ ಅಜ್ಜಿಗೆ ಯಾರೂ ಇದನ್ನು ಹೇಳಿಕೊಡಲಿಲ್ಲ. ತಾಯಿಯ ಮಡಿಲಲ್ಲಿ ಮಲಗಿ ಅರ್ಧ ನಿದ್ದೆಯಲ್ಲಿ ನೋಡಿ ನೋಡಿ ಕಲಿತದ್ದು.

ಒಂದು ಬೇಸರದ ವಿಷಯ ಹೇಳುತ್ತೇನೆ. ದೂರದ ಊರಿನಲ್ಲಿ ಒಂದು ಕಾರ್ಯಕ್ರಮಕ್ಕೆ ನಮ್ಮನ್ನು ಕರೆದಿದ್ದರು. 20 ನಿಮಿಷ ಕೊಟ್ಟರು. ತೆರೆ ಹಿಡಿದು ಒಡ್ಡೋಲಗ ಶುರು ಮಾಡಿದೆವು. ತೆರೆಯ ಮೇಲೆ ಕಿರೀಟ ಮಾತ್ರ ಕಾಣುತ್ತದೆ, ಕೆಳಗೆ ಗೆಜ್ಜೆ ಮಾತ್ರ. ಯಾರು ಬರುತ್ತಾರೆ ಎಂದು ಜನ ಕಾಯಬೇಕು. ಸಂಘಟಕರಲ್ಲಿ ಒಬ್ಬರು ಪಕ್ಕಕ್ಕೆ ಬಂದು "ಆ ಬಟ್ಟೆ ತೆಗೀರಿ, ಜನಕ್ಕೆ ವೇಷ ಕಾಣ್ತಿಲ್ಲ" ಎಂದರು. ಅವರಿಗೆ ಅದು ಅಡ್ಡ ಬಂದ ಬಟ್ಟೆ. ನಮಗೆ ಅದು ಬಾಗಿಲು. ಆ ರಾತ್ರಿ ನನಗೆ ಊಟ ಸೇರಲಿಲ್ಲ.

ಶಿರಸಿ ಸಿಸ್ಟರ್

ಓದುತ್ತಾ ಕೂತವಳಿಗೆ ಬರೆಯದೆ ಇರಲು ಆಗಲಿಲ್ಲ. ನಾನು ನರ್ಸ್. ಹಿಂದೆ ಕೆಲಸ ಮಾಡಿದ ಒಂದು ಆಸ್ಪತ್ರೆಯಲ್ಲಿ ನಡೆದದ್ದು. ರಾತ್ರಿ ಒಂದು ಹಳ್ಳಿಯಿಂದ ಹುಡುಗನನ್ನು ಕರೆತಂದರು. ತಾಯಿ ಹೇಳಿದ್ದು ಒಂದೇ ಮಾತು: "ಹುಳ ಮುಟ್ಟಿದೆ." ಡಾಕ್ಟರು ಹೊಸಬರು, ಬೇರೆ ರಾಜ್ಯದವರು, ಕನ್ನಡ ಅಷ್ಟಿಷ್ಟು ಬರುತ್ತಿತ್ತು. ಹುಳ ಕಚ್ಚಿದೆ ಎಂದು ಬರೆದುಕೊಂಡು ಅಲರ್ಜಿಯ ಇಂಜೆಕ್ಷನ್ ಕೊಟ್ಟರು. ನಾನು ಬೇರೆ ವಾರ್ಡಿನಲ್ಲಿದ್ದೆ. ಬಂದು ನೋಡಿದಾಗ ಹುಡುಗನ ಕಣ್ಣಿನ ರೆಪ್ಪೆ ಜೋತು ಬೀಳುತ್ತಿತ್ತು.

ನಮ್ಮ ಕಡೆಯವರಿಗೆ ಗೊತ್ತಲ್ಲ. ರಾತ್ರಿ ಹೊತ್ತು ಹಾವಿನ ಹೆಸರು ಹೇಳಬಾರದು ಎಂದು ಹಿರಿಯರು ಹುಳ ಎನ್ನುತ್ತಾರೆ. ಕಚ್ಚಿತು ಎನ್ನದೆ ಮುಟ್ಟಿತು ಎನ್ನುತ್ತಾರೆ. ಹೆಸರು ಕರೆದರೆ ಬರುತ್ತದೆ ಎಂಬ ಭಯ. ನಾನು ಓಡಿ ಡಾಕ್ಟರಿಗೆ ಹೇಳಿದೆ. ಹಾವಿನ ವಿಷಕ್ಕೆ ಕೊಡುವ ಔಷಧಿ ಶುರು ಮಾಡಿದರು. ಹುಡುಗ ಉಳಿದ. ಡಾಕ್ಟರನ್ನು ನಾನು ಬೈಯುವುದಿಲ್ಲ. ಅವರು ಕೇಳಿದ ಶಬ್ದವನ್ನು ಸರಿಯಾಗಿಯೇ ಅನುವಾದ ಮಾಡಿದ್ದರು.

ಆಮೇಲೆ ನಾವು ನಾಲ್ಕು ಜನ ನರ್ಸ್‌ಗಳು ಸೇರಿ ಒಂದು ಕಾಗದದಲ್ಲಿ ಇಂಥ ಮಾತುಗಳನ್ನು ಬರೆದು ತುರ್ತು ಕೋಣೆಯ ಗೋಡೆಗೆ ಅಂಟಿಸಿದೆವು. ಮೊದಲ ಸಾಲಿನಲ್ಲಿ: ಹುಳ ಮುಟ್ಟಿದೆ ಎಂದರೆ ಹಾವು ಕಚ್ಚಿದೆ.

ಸಿದ್ದಾಪುರ ಹುಡುಗಿ, ಈಗ ಬೆಂಗಳೂರು

ಸಿಸ್ಟರ್, ಮೈ ಜುಂ ಎಂದಿತು. ನೀವು ಬರೆದದ್ದಕ್ಕೆ ಥ್ಯಾಂಕ್ಸ್.

ನಾನು ಜೀವಶಾಸ್ತ್ರದವಳು. ನಮ್ಮ ವಂಶವಾಹಿಯ ಅಕ್ಷರಗಳನ್ನು ಜೀವಕೋಶ ಮೂರು ಮೂರಾಗಿ ಓದುತ್ತದೆ. ಒಟ್ಟು 64 ಜೋಡಣೆ. 61ಕ್ಕೆ ಪ್ರೋಟೀನ್ ಕಟ್ಟುವ ಅಮೈನೋ ಆಮ್ಲಗಳ ಅರ್ಥ, ಉಳಿದ 3ಕ್ಕೆ "ಇಲ್ಲಿ ನಿಲ್ಲಿಸು" ಎಂಬ ಅರ್ಥ. ಯುಜಿಎ ಎಂಬ ಮೂರಕ್ಷರದ ಜೋಡಣೆ ನಿಲ್ಲಿಸು ಎಂಬ ಗುರುತು. ಆದರೆ ಅದೇ ನಮ್ಮ ಜೀವಕೋಶದ ಒಳಗೆ ಇರುವ ಮೈಟೊಕಾಂಡ್ರಿಯಾದಲ್ಲಿ ಯುಜಿಎ ಬಂದರೆ ಅದು ನಿಲ್ಲುವುದಿಲ್ಲ. ಟ್ರಿಪ್ಟೊಫ್ಯಾನ್ ಎಂಬ ಅಮೈನೋ ಆಮ್ಲ ಜೋಡಿಸಿ ಮುಂದೆ ಹೋಗುತ್ತದೆ. ಇದು 1979ರಲ್ಲಿ ಗೊತ್ತಾಯಿತು. ಒಂದೇ ಗುರುತು, ಒಂದೇ ದೇಹ, ಓದುವ ಯಂತ್ರ ಬೇರೆ. ಆಸ್ಪತ್ರೆಯಲ್ಲಿ "ಹುಳ" ಎಂಬ ಮಾತಿಗೂ ಹೀಗೇ ಆಯಿತು ಅಲ್ವಾ?

ಕುಮಟಾ ಗಣಿತ

ತಂಗಿ, ಉದಾಹರಣೆ ತುಂಬ ಚೆನ್ನಾಗಿದೆ. ಆದರೆ ಒಂದು ತಕರಾರು ಇದೆ. ಜೀವಕೋಶಕ್ಕೆ ಅರ್ಥ ಆಗುತ್ತದೆ ಎನ್ನುವುದು ಸರಿಯಾ? ಬೀಗಕ್ಕೆ ಕೀಲಿ ಹೊಂದಿದ ಹಾಗೆ ಅಲ್ಲಿ ಅಣುಗಳು ಹೊಂದುತ್ತವೆ. ತಾಂಡೇಲರ ಕಂಬದ ವಿಷಯ ಹಾಗಲ್ಲ. ಅಲ್ಲಿ ಮನುಷ್ಯ ನೋಡಿ, ತಿಳಿದು, ಹೋಗುವುದೋ ಬೇಡವೋ ಎಂದು ಯೋಚಿಸುತ್ತಾನೆ. ತಪ್ಪು ಮಾಡಲೂ ಬಲ್ಲ. ಎಲ್ಲವನ್ನೂ ಭಾಷೆ ಎಂದರೆ ಭಾಷೆ ಎಂಬ ಮಾತಿಗೇ ಅರ್ಥ ಉಳಿಯುವುದಿಲ್ಲ.

ಸಿದ್ದಾಪುರ ಹುಡುಗಿ, ಈಗ ಬೆಂಗಳೂರು

ಒಪ್ಪಿದೆ ಮಾಸ್ತರ್ರೇ. ಜೀವಕೋಶ ತಿಳಿದುಕೊಳ್ಳುತ್ತದೆ ಎಂದು ನಾನು ಹೇಳಬಾರದು. ಅಮೆರಿಕದ ಪರ್ಸ್ ಎಂಬ ತತ್ವಜ್ಞಾನಿ ಗುರುತುಗಳನ್ನು ಮೂರು ಬಗೆ ಮಾಡಿದ್ದ. ವಸ್ತುವನ್ನೇ ಹೋಲುವ ಗುರುತು, ಫೋಟೋದ ಹಾಗೆ. ವಸ್ತುವಿನ ಜೊತೆಗೇ ಹುಟ್ಟುವ ಗುರುತು, ಬೆಂಕಿಗೆ ಹೊಗೆಯ ಹಾಗೆ. ಜನರ ರೂಢಿಯಿಂದ ಮಾತ್ರ ನಿಲ್ಲುವ ಗುರುತು, ಶಬ್ದದ ಹಾಗೆ. ಇದನ್ನು ಇಟ್ಟುಕೊಂಡರೆ ಕಲಸುಮೇಲೋಗರ ಆಗುವುದಿಲ್ಲ ಅನಿಸುತ್ತದೆ.

ಮುದಗಾ ತಾಂಡೇಲ

ಹಾಗಾದರೆ ನಮ್ಮಲ್ಲಿ ಎರಡನೇ ಬಗೆಯೂ ಇದೆ. ಬಂಗಡೆಯ ಹಿಂಡು ಬಂದರೆ ನೀರಿನ ಬಣ್ಣ ಬದಲಾಗುತ್ತದೆ. ಅಪ್ಪ ದಡದಿಂದ ಎಳೆಯುವ ರಂಪಣಿ ಬಲೆಯ ಕಾಲದವರು. ದಡದಲ್ಲಿ ನಿಂತೇ ಹೇಳುತ್ತಿದ್ದರು. ಈಗ ಹೈದರಾಬಾದಿನಲ್ಲಿರುವ, ಸಮುದ್ರದ ಮಾಹಿತಿ ಕೊಡುವ ಸರ್ಕಾರಿ ಸಂಸ್ಥೆ ಇನ್‌ಕಾಯ್ಸ್‌ನವರು ಉಪಗ್ರಹದಿಂದ ಸಮುದ್ರದ ಬಣ್ಣ ಮತ್ತು ಬಿಸಿ ನೋಡಿ, ಮೀನು ಎಲ್ಲಿ ಸಿಗಬಹುದು ಎಂದು ಕಳಿಸುತ್ತಾರೆ. ಅವರೂ ನೋಡುವುದು ನೀರಿನ ಬಣ್ಣವನ್ನೇ. ಆದರೆ ನೀರು ನಮಗೆ ಹೇಳಲೆಂದು ಬಣ್ಣ ಬದಲಿಸುವುದಿಲ್ಲ. ಕಂಬಕ್ಕೆ ಸಿಗ್ನಲ್ ಏರಿಸುವವನು ಮಾತ್ರ ನಮಗೆ ಹೇಳಲೆಂದೇ ಏರಿಸುತ್ತಾನೆ. ಈ ವ್ಯತ್ಯಾಸ ದೊಡ್ಡದು.

ಬೈತಖೋಲ ಅಕ್ಕೋರು

ತಾಂಡೇಲರೇ, ನೀವು ಎಷ್ಟು ಚೆನ್ನಾಗಿ ಹೇಳಿದಿರಿ.

ನಾನು ಮತ್ತೆ ಆ ಮೂರೆಸಳಿಗೆ ಬರುತ್ತೇನೆ. ಅದರ ಬಗ್ಗೆ ಓದುವಾಗ ಇನ್ನೊಂದು ಸಿಕ್ಕಿತು. ಪರಮಾಣು ಕಸವನ್ನು ನೆಲದಡಿ ಹೂತರೆ ಸಾವಿರಾರು ವರ್ಷ ಅಪಾಯ. 10,000 ವರ್ಷದ ನಂತರ ಬರುವವರಿಗೆ "ಇಲ್ಲಿ ಅಗೆಯಬೇಡಿ" ಎಂದು ಹೇಗೆ ಹೇಳುವುದು? ಆಗ ಯಾವ ಭಾಷೆ ಇರುತ್ತದೋ. ಅಮೆರಿಕದಲ್ಲಿ 1981ರಲ್ಲಿ ಇದಕ್ಕಾಗಿಯೇ ಒಂದು ತಂಡ ಮಾಡಿದರು. ಥಾಮಸ್ ಸೆಬಿಯೋಕ್ ಎಂಬ ಭಾಷಾ ಪಂಡಿತ 1984ರಲ್ಲಿ ಒಂದು ಸಲಹೆ ಕೊಟ್ಟ. ಬರಹವನ್ನು ನಂಬಬೇಡಿ, ಕಥೆ ಮತ್ತು ಆಚರಣೆ ಮಾಡಿ, ಆ ಜಾಗಕ್ಕೆ ಹೋಗಬಾರದು ಎಂದು ತಲೆಮಾರಿನಿಂದ ತಲೆಮಾರಿಗೆ ಹೇಳುವ ಒಂದು ಪೂಜಾರಿಗಳ ಗುಂಪಿನಂಥದ್ದು ಇರಲಿ ಎಂದು. ಓದಿದ ಕೂಡಲೇ ನನಗೆ ನಮ್ಮ ಘಟ್ಟದ ದೇವರ ಬನಗಳು ನೆನಪಾದವು.

ಸಿದ್ದಾಪುರ ಹುಡುಗಿ, ಈಗ ಬೆಂಗಳೂರು

ಅಕ್ಕೋರೇ, ನಮ್ಮ ಮನೆಯ ಮೇಲುಗಡೆ ಚೌಡಿ ಬನ ಇತ್ತು. ಅಜ್ಜಿ ನಮ್ಮನ್ನು ಅಲ್ಲಿ ಒಂದು ಸೊಪ್ಪನ್ನೂ ಮುರಿಯಲು ಬಿಡುತ್ತಿರಲಿಲ್ಲ. ಒಣಗಿದ ಕಟ್ಟಿಗೆಯನ್ನೂ ತರುವ ಹಾಗಿರಲಿಲ್ಲ. ಯಾಕೆ ಎಂದರೆ "ಚೌಡಿ ಸುಮ್ನೆ ಬಿಡೋದಿಲ್ಲ" ಎನ್ನುವುದೊಂದೇ ಉತ್ತರ. ಬನದ ಕೆಳಗೆ ಒಂದು ಒರತೆ. ಅದರ ನೀರೇ ತೋಟಕ್ಕೆ ಬರುತ್ತಿತ್ತು. ಅಜ್ಜಿ ಒಮ್ಮೆಯೂ ನೀರಿನ ಮಾತು ಎತ್ತಲಿಲ್ಲ.

ನಮ್ಮ ಸುತ್ತಿನ ನಾಲ್ಕೂ ಮನೆಯ ಮಕ್ಕಳು ಬೆಂಗಳೂರಿಗೆ ಬಂದೆವು. ವರ್ಷಕ್ಕೊಮ್ಮೆ ಮಾಡುವ ಪೂಜೆ ತಪ್ಪಿತು. ಎರಡು ವರ್ಷ ಯಾರೂ ಹೋಗಲಿಲ್ಲ. ಆಮೇಲೆ ಮರ ಕಡಿದರು. ಕಡಿದವರನ್ನು ಬೈಯಲು ನನಗೆ ಮುಖ ಇಲ್ಲ. ಅವರು ಕಂಡದ್ದು ಕಲ್ಲು ಮತ್ತು ಮರ ಮಾತ್ರ. ಮುಂದಿನ ಬೇಸಿಗೆಗಳಲ್ಲಿ ಒರತೆ ಮಾರ್ಚ್ ತಿಂಗಳಿಗೇ ಒಣಗತೊಡಗಿತು. ಸೆಬಿಯೋಕ್ ಹೇಳಿದ ಪೂಜಾರಿಗಳೂ ಊರು ಬಿಟ್ಟು ಹೋದರೆ?

ಶಿರಸಿ ತೋಟಿಗ

ತಂಗಿ ಕೇಳಿದ್ದು ನಿಜ. ಬನವಾಸಿ ಕಡೆ ಎಷ್ಟೋ ವೀರಗಲ್ಲುಗಳಿವೆ. ಕೆಳಗಿನ ಸಾಲಿನಲ್ಲಿ ಕಾಳಗ, ನಡುವೆ ಅಪ್ಸರೆಯರು ವೀರನನ್ನು ಕರೆದೊಯ್ಯುವುದು, ಮೇಲೆ ಲಿಂಗದ ಮುಂದೆ ಅವನು ಕೈಮುಗಿದು ಕೂತಿರುವುದು. ತುದಿಯಲ್ಲಿ ಸೂರ್ಯ, ಚಂದ್ರ. ಅವು ಇರುವ ತನಕ ಇವನ ಹೆಸರು ಇರಲಿ ಎಂದು. ನಾನು ಚಿಕ್ಕವನಿದ್ದಾಗ ನೆಂಟರ ಮನೆಯ ಬಾವಿಕಟ್ಟೆಯಲ್ಲಿ ಅಂಥ ಒಂದು ಕಲ್ಲಿನ ಮೇಲೆ ಬಟ್ಟೆ ಒಗೆಯುತ್ತಿದ್ದರು. ಸೂರ್ಯ ಚಂದ್ರ ಇಬ್ಬರೂ ಇದ್ದಾರೆ. ಓದುವವರು ಇರಲಿಲ್ಲ.

ಗೋಕರ್ಣದವ

ಎಲ್ಲರ ಮಾತೂ ಓದಿದೆ. ನಾನು ವೇದಪಾಠ ಹೇಳುವವನು. ನಮ್ಮಲ್ಲಿ ಈ ಜಗಳ ತುಂಬ ಹಳೆಯದು.

ಮಗು ಮಾತು ಕಲಿಯುವುದು ಹೇಗೆ ಎಂದು ವೇದವಾಕ್ಯಗಳ ಅರ್ಥ ವಿಚಾರಿಸುವ ಮೀಮಾಂಸಕರು ಕೇಳಿದರು. ಅವರ ಉತ್ತರ ನನಗೆ ಬಹಳ ಇಷ್ಟ. ಮನೆಯ ಹಿರಿಯ "ಹಸು ತಾ" ಎನ್ನುತ್ತಾನೆ. ಇನ್ನೊಬ್ಬ ಹೋಗಿ ಹಸು ತರುತ್ತಾನೆ. ಮಗು ಪಕ್ಕದಲ್ಲಿ ಕೂತು ನೋಡುತ್ತದೆ. ಆಮೇಲೆ "ಹಸು ಕಟ್ಟು" ಎನ್ನುತ್ತಾನೆ, "ಕುದುರೆ ತಾ" ಎನ್ನುತ್ತಾನೆ. ಒಂದು ಶಬ್ದ ಹೋಗಿ ಇನ್ನೊಂದು ಬಂದಾಗ ಕೆಲಸದಲ್ಲಿ ಏನು ಬದಲಾಯಿತು ಎಂದು ಮಗು ಕಾಣುತ್ತದೆ. ಹಾಗೆ ಒಂದೊಂದೇ ಶಬ್ದ ಬಿಡಿಸಿಕೊಳ್ಳುತ್ತದೆ. ಶಬ್ದಗಳಿಗೆ ಬಿಡಿಯಾಗಿ ಅರ್ಥ ಇದೆ, ಆಮೇಲೆ ಕೂಡುತ್ತವೆ ಎಂದು ಕುಮಾರಿಲ ಭಟ್ಟರು. ಇಲ್ಲ, ಶಬ್ದ ತನ್ನ ಅರ್ಥ ಕೊಡುವುದೇ ಬೇರೆ ಶಬ್ದದ ಜೊತೆ ಕೂಡಿದಾಗ ಎಂದು ಪ್ರಭಾಕರರು. ತೋಟಿಗರೂ ಅವರ ಮಗನೂ ಮಾಡಿದ ವಾದಕ್ಕೆ ಇದು ಹತ್ತಿರದ ನೆಂಟ. ಆದರೆ ಇಬ್ಬರು ಆಚಾರ್ಯರೂ ಒಪ್ಪಿದ್ದು ಒಂದು: ಹಿರಿಯರು ಮಾತಾಡಿ ಮಾಡುವುದನ್ನು ಮಗು ನೋಡಬೇಕು.

ಇನ್ನೊಂದು ಮಾತು. ಮಂತ್ರಗಳಿಗೆ ಅರ್ಥವೇ ಇಲ್ಲ ಎಂದು ಕೌತ್ಸ ಎಂಬವನು ವಾದಿಸಿದ. ಅದಕ್ಕೆ ವೇದದ ಶಬ್ದಗಳ ಅರ್ಥ ಬಿಡಿಸುವ ನಿರುಕ್ತ ಬರೆದ ಯಾಸ್ಕರು ಹೇಳಿದ್ದು: ಕುರುಡನಿಗೆ ಕಾಣದಿದ್ದರೆ ಅದು ಕಂಬದ ತಪ್ಪಲ್ಲ. ಎರಡು ಸಾವಿರ ವರ್ಷಕ್ಕೂ ಹಿಂದಿನ ಮಾತು.

ಬೈತಖೋಲ ಅಕ್ಕೋರು

ಗೋಕರ್ಣದ ಭಟ್ಟರೇ, ಮಗು ಕಲಿಯುವ ಬಗೆ ಓದಿ ಖುಷಿಯಾಯಿತು. ನನ್ನ ಪ್ರಶ್ನೆಗೆ ಹತ್ತಿರದ ಉತ್ತರ ಅದೇ. ಮಾಸ್ತರ್ರ ತಕ್ಕಡಿ, ಮಡಿಲಲ್ಲಿ ಮಲಗಿ ಆಟ ನೋಡಿದ ಅಜ್ಜಿ, "ಮೂರು ಬಿತ್ತು" ಎಂದಾಗ ತಾಂಡೇಲರ ಅಪ್ಪ ಹಾಕಿದ ಲಂಗರು, ಎಲ್ಲ ಕಡೆಯೂ ಪಕ್ಕದಲ್ಲಿ ಒಬ್ಬರು ಮಾಡುತ್ತಿದ್ದರು, ಇನ್ನೊಬ್ಬರು ನೋಡುತ್ತಿದ್ದರು.

ಆದರೆ ಯಾಸ್ಕರ ಆ ಮಾತಿಗೆ ನನ್ನ ಮನಸ್ಸು ಒಗ್ಗುವುದಿಲ್ಲ, ಕ್ಷಮಿಸಿ. ಕಂಬದ ತಪ್ಪಲ್ಲ, ಸರಿ. ಕಂಬ ನೆಟ್ಟವರ ತಪ್ಪು ಇರಬಹುದಲ್ಲ? ನಮ್ಮ ಮಗು ಆ ಬಾಗಿಲಿಗೆ ಹೋದದ್ದು ಅವಳ ಕುರುಡಲ್ಲ. ಅವಳಿಗೆ ಯಾರೂ ತೋರಿಸಿರಲಿಲ್ಲ. ನಾನೂ ತೋರಿಸಿರಲಿಲ್ಲ. ಹತ್ತು ವರ್ಷದಿಂದ ಬಂದರಿನ ಹತ್ತಿರವೇ ಮನೆ ಮಾಡಿಕೊಂಡಿದ್ದೇನೆ. ಸಿಗ್ನಲ್‌ನ ಒಂದು ನಂಬರಿನ ಅರ್ಥವೂ ನನಗೆ ಗೊತ್ತಿರಲಿಲ್ಲ.

ತಾಂಡೇಲರೇ, ನನ್ನ ಒಂಬತ್ತನೇ ಕ್ಲಾಸಿನವರು 34 ಮಕ್ಕಳು. ಅವರಿಗೆ ನೀವು ಒಂದು ದಿನ ಆ ಸಿಗ್ನಲ್ ವಿಷಯ ಹೇಳಿಕೊಡುತ್ತೀರಾ?

ಮುದಗಾ ತಾಂಡೇಲ

ಕೇಳುವುದೇನು ಅಕ್ಕೋರೇ, ಕರೆದುಕೊಂಡು ಬನ್ನಿ. ಜುಲೈ 31ರ ತನಕ ಮೀನುಗಾರಿಕೆ ಬಂದ್ ಇದೆ, ಬೋಟು ದಡದಲ್ಲೇ ಇರುತ್ತದೆ. ಶನಿವಾರ ಮಧ್ಯಾಹ್ನ ಶಾಲೆ ಬಿಟ್ಟ ಮೇಲೆ ಬಂದರೆ ಒಳ್ಳೆಯದು. ನಂಬರ್ ಬಾಯಿಪಾಠ ಮಾಡಿಸುವುದಿಲ್ಲ. ಮೂರು ಎಂದು ಕೂಗುತ್ತೇನೆ, ಮಕ್ಕಳೇ ಹಗ್ಗ ಹಿಡಿದು ಬೋಟು ಕಟ್ಟಲಿ. ಕೈ ಹುಷಾರಾಗಿದ್ದರೆ ನಿಮ್ಮ ಅಣ್ಣನ ಮಗಳನ್ನೂ ಕರೆತನ್ನಿ. ಎಲ್ಲರೂ ಕೊಡೆ ತರಲಿ, ಇಲ್ಲಿ ನಿಲ್ಲಲು ಜಾಗ ಕಡಿಮೆ.